ಸಿದ್ಧಾಂತಕ್ಕೊಬ್ಬ ಎದುರಾಳಿ ಬೇಕು

ಪ್ರೀತಿಯ ತಂಗಿ,

ನಿನ್ನ ಕಾದಂಬರಿಯ ಕರಡು ಓದಿದೆ. ಜಗತ್ತು ದಿನಾ ಬೆಳಗ್ಗೆ ಹೊಸದಾಗಿ ಹುಟ್ಟುತ್ತದೆ, ನಿನ್ನೆ ಎನ್ನುವುದು ನಡೆದೇ ಇಲ್ಲ, ನಿನ್ನೆಯ ನೆನಪುಗಳೂ ಈ ಬೆಳಗ್ಗೆಯೇ ತಯಾರಾಗಿ ಬಂದಿವೆ ಎಂದು ನಂಬುವ ಜನರನ್ನು ಕಟ್ಟಿದ್ದೀಯ. ನನಗೆ ಈ ಕಲ್ಪನೆ ತುಂಬಾ ಇಷ್ಟವಾಯಿತು. ಅದಕ್ಕೇ ಇಷ್ಟು ಉದ್ದದ ಪತ್ರ.

ನಿನ್ನ ಸಿದ್ಧಾಂತವನ್ನು ಯಾರೂ ಪ್ರಶ್ನೆ ಕೇಳುವುದೇ ಇಲ್ಲ. ಇದೇ ಅದರ ದೊಡ್ಡ ಕೊರತೆ. ನಮ್ಮ ದರ್ಶನಕಾರರು ಮೊದಲು ಪೂರ್ವಪಕ್ಷ ಇಡುತ್ತಿದ್ದರು, ಅಂದರೆ ಎದುರಾಳಿ ಹೇಳುವ ಮಾತು. ಆಮೇಲೆ ತಮ್ಮದು. ಎಲ್ಲವೂ ಕ್ಷಣ ಮಾತ್ರ ಇರುತ್ತದೆ ಎಂದು ಬೌದ್ಧರು ವಾದಿಸಿದಾಗ, ನ್ಯಾಯ ದರ್ಶನದ ತಾರ್ಕಿಕರು ಸುಮ್ನೆ ಬಿಡಲಿಲ್ಲ. ಹಾಗಿದ್ದರೆ ಹಿಂದೆ ನೋಡಿದವನನ್ನು ಇವತ್ತು ‘ಅವನೇ ಇವನು’ ಎಂದು ಗುರುತು ಹಿಡಿಯುವುದು ಹೇಗೆ? ಕೆಲಸ ಮಾಡಿದವನು ಮರುಕ್ಷಣ ಇಲ್ಲವಾದರೆ ಅದರ ಫಲ ಯಾರಿಗೆ? ಮಾಡಿದವನಿಗೆ ತಪ್ಪಿಹೋಗುತ್ತದೆ, ಮಾಡದವನಿಗೆ ಅಂಟಿಕೊಳ್ಳುತ್ತದೆ ಅಲ್ವಾ? ಬೌದ್ಧರು ದೀಪದ ಉರಿಯನ್ನು ತೋರಿಸಿದರು. ಒಂದೇ ಉರಿ ಎಂದು ಕಾಣುತ್ತದೆ, ಆದರೆ ಕ್ಷಣಕ್ಷಣವೂ ಬೇರೆ ಬೇರೆ. ಒಂದರಿಂದ ಇನ್ನೊಂದು ಹುಟ್ಟುತ್ತಾ ಹೋಗುತ್ತದೆ, ಆ ಹರಿವಿಗೇ ಸಂತಾನ ಎಂದರು. ಈ ಜಗಳ ಶತಮಾನಗಳ ಕಾಲ ನಡೆಯಿತು. ಕೇಳಿದವರು ಗಟ್ಟಿಗರಾಗಿದ್ದರು, ಅದಕ್ಕೇ ಉತ್ತರವೂ ಗಟ್ಟಿಯಾಯಿತು.

ನಿನ್ನ ಕಲ್ಪನೆಗೆ ಇನ್ನೂ ಹತ್ತಿರದ ನೆಂಟರಿದ್ದಾರೆ. 1857ರಲ್ಲಿ ಇಂಗ್ಲೆಂಡಿನ ಜೀವವಿಜ್ಞಾನಿ ಫಿಲಿಪ್ ಹೆನ್ರಿ ಗಾಸ್ ಒಂದು ವಾದ ಮುಂದಿಟ್ಟ. ದೇವರು ಭೂಮಿಯನ್ನು ಸೃಷ್ಟಿಸುವಾಗಲೇ ಅದರಲ್ಲಿ ಹಳೆಯ ಕಾಲದ ಗುರುತುಗಳನ್ನೂ ಇಟ್ಟ. ತಾಯಿಯಿಂದ ಹುಟ್ಟದ ಆದಾಮನಿಗೂ ಹೊಕ್ಕುಳಿತ್ತು. ಅದೇ ದಿನದ ಮರದಲ್ಲೂ ವರ್ಷಗಳ ಉಂಗುರಗಳಿದ್ದವು. ಬಂಡೆಯೊಳಗಿನ ಪಳೆಯುಳಿಕೆಗಳೂ ಹಾಗೆಯೇ. ಇದನ್ನು ಸುಳ್ಳು ಎಂದು ತೋರಿಸಲು ಆಗುವುದಿಲ್ಲ. ಆದರೂ ವಿಜ್ಞಾನಿಗಳೂ ಒಪ್ಪಲಿಲ್ಲ, ಭಕ್ತರೂ ಒಪ್ಪಲಿಲ್ಲ. ದೇವರು ಬಂಡೆಗಳ ಮೇಲೆ ಸುಳ್ಳು ಬರೆದ ಎಂದು ನಂಬಲಾರೆ ಎಂದು ಪಾದ್ರಿ ಚಾರ್ಲ್ಸ್ ಕಿಂಗ್ಸ್ಲಿ ಬರೆದ. ಮುಂದೆ 1921ರಲ್ಲಿ ತತ್ವಜ್ಞಾನಿ ಬರ್ಟ್ರಂಡ್ ರಸೆಲ್, ಜಗತ್ತು ಐದು ನಿಮಿಷದ ಹಿಂದೆಯಷ್ಟೇ ಹುಟ್ಟಿತು, ನಡೆಯದ ಕಾಲವನ್ನು ನೆನಪಿಟ್ಟುಕೊಂಡ ಜನರ ಸಮೇತ ಹುಟ್ಟಿತು ಎಂದರೆ ತರ್ಕದಲ್ಲಿ ತಪ್ಪು ಹುಡುಕಲಾಗದು ಎಂದ. ಆದರೆ ಅದರಲ್ಲಿ ಸ್ವಾರಸ್ಯವಿಲ್ಲ ಎಂದೂ ಹೇಳಿ ಮುಂದೆ ಹೋದ.

ರಸೆಲ್ ಬಿಟ್ಟುಹೋದ ಜಾಗದಿಂದಲೇ ಕಾದಂಬರಿಗಾರ್ತಿಯ ಕೆಲಸ ಶುರು. ಅಲ್ಲಗಳೆಯಲಾಗದ ಮಾತನ್ನು ಕಟ್ಟುವುದು ಕಷ್ಟವೇನಲ್ಲ. ಅದನ್ನು ನಂಬಿಕೊಂಡು ಒಬ್ಬರು ಒಂದು ದಿನ ಹೇಗೆ ಕಳೆಯುತ್ತಾರೆ? ನಾನು ಓದಲು ಕಾದಿರುವುದು ಅದನ್ನೇ.

ನಿನ್ನ ಐದನೇ ಅಧ್ಯಾಯದಲ್ಲಿ ಮಗುವನ್ನು ಕಳೆದುಕೊಂಡ ತಾಯಿ ಬರುತ್ತಾಳೆ. ‘ನಿನಗೆ ಮಗು ಇರಲೇ ಇಲ್ಲ, ಇವತ್ತು ಈ ದುಃಖ ಮಾತ್ರ ಇದೆ’ ಎಂದು ಹಿರಿಯರು ಸಮಾಧಾನ ಹೇಳುತ್ತಾರೆ. ಅವಳು ತಲೆಯಾಡಿಸುತ್ತಾಳೆ. ಎರಡೇ ಸಾಲು! ಇಲ್ಲಿ ನನಗೆ ಸಿಟ್ಟೇ ಬಂತು. ಅವಳೇ ನಿನ್ನ ಪೂರ್ವಪಕ್ಷ, ಗೊತ್ತಾಯಿತಾ? ಅವಳು ಪಂಡಿತೆಯಾಗಬೇಕಿಲ್ಲ. ‘ಇಲ್ಲದ ಮಗುವಿಗೆ ನನ್ನ ಎದೆಯಲ್ಲಿ ಹಾಲು ಹೇಗೆ ಬಂತು?’ ಎಂದು ಕೇಳಲಿ. ಹಾಲೂ ಇವತ್ತು ಬೆಳಗ್ಗೆಯೇ ಹುಟ್ಟಿತು ಎಂದು ಹಿರಿಯರು ಹೇಳಬೇಕಾಗುತ್ತದೆ. ಗಾಸ್ ಹೇಳಿದ ಹೊಕ್ಕುಳಿನ ಉತ್ತರವೇ ಅದು. ತರ್ಕದಲ್ಲಿ ಲೋಪವಿಲ್ಲ. ಅವಳ ಮುಂದೆ ನಿಂತು ಹೇಳುವವನಿಗೆ ಗಂಟಲು ಕಟ್ಟದಿದ್ದರೆ ಅವನು ಮನುಷ್ಯನೇ ಅಲ್ಲ. ಅದೇ ಊರಲ್ಲಿ ಇನ್ನೊಬ್ಬ ತಾಯಿಗೆ ಆ ಮಾತೇ ಆಸರೆಯೂ ಆಗಬಹುದು: ಮಗು ನರಳಲೇ ಇಲ್ಲವಲ್ಲ! ಇಬ್ಬರನ್ನೂ ಎದುರುಬದುರು ಕೂರಿಸು. ಯಾರು ಸರಿ ಎಂದು ನೀನು ತೀರ್ಪು ಕೊಡಬೇಡ.

ಸಾಲದ ವಿಷಯವನ್ನೂ ನೀನು ಮುಟ್ಟಿಲ್ಲ. ನಿನ್ನೆಯೇ ಇಲ್ಲದ ಊರಲ್ಲಿ ಸಾಲ ಯಾಕೆ ತೀರಿಸಬೇಕು? ಬೆಳಗ್ಗೆ ಎದ್ದು ತಾನಾಗಿ ಒಪ್ಪಿಕೊಂಡರೆ ಮಾತ್ರ ಸಾಲ ಎಂಬ ಪದ್ಧತಿ ಇರಬಹುದು. ಆಗ ಪ್ರಾಮಾಣಿಕರಷ್ಟೇ ಬಡವರಾಗುತ್ತಾರೆ. ಕೊಲೆ ಮಾಡಿದವನಿಗೆ ಶಿಕ್ಷೆ ಕೊಡುವುದೂ ಅಷ್ಟೇ ಕಷ್ಟ. ಇವು ಯೋಚಿಸಿದಷ್ಟೂ ಕಥೆ ಕೊಡುತ್ತವೆ.

ಸಿದ್ಧಾಂತ ತನ್ನ ಭಾರವನ್ನೂ ತಾನೇ ಹೊರಬೇಕು. ಎಲ್ಲವೂ ಶೂನ್ಯವಾದರೆ ನಿನ್ನ ಈ ಮಾತೂ ಶೂನ್ಯವಲ್ಲವೇ ಎಂಬ ಆಕ್ಷೇಪವನ್ನು ಬೌದ್ಧ ದಾರ್ಶನಿಕ ನಾಗಾರ್ಜುನ ತಾನೇ ಎತ್ತಿಕೊಂಡು ಉತ್ತರಿಸಿದ: ನನ್ನದು ಎಂಬ ಪ್ರತಿಜ್ಞೆಯೇ, ಅಂದರೆ ಸಾಧಿಸಬೇಕಾದ ವಾದವೇ, ಇಲ್ಲ ಎಂದ. ನೀನೋ, ನಿನ್ನ ಪಂಥಕ್ಕೆ ಮುನ್ನೂರು ವರ್ಷ ಹಿಂದಿನ ಸ್ಥಾಪಕನನ್ನು ಕೊಟ್ಟು ಒಂದು ಅಧ್ಯಾಯ ತುಂಬಾ ಅವನ ಜೀವನಚರಿತ್ರೆ ಬರೆದಿದ್ದೀಯ. ನಿನ್ನೆಯೇ ಇಲ್ಲದವರಿಗೆ ಮುನ್ನೂರು ವರ್ಷ ಎಲ್ಲಿಂದ ಬಂತು? ಅವರಿಗೆ ಗುರುಪರಂಪರೆ ಇರಲಾರದು. ಪ್ರತಿಯೊಬ್ಬರೂ ಬೆಳಗ್ಗೆ ಎದ್ದು ಅದನ್ನು ಮೊದಲ ಸಲ ಎಂಬಂತೆ ಕಂಡುಕೊಳ್ಳಬೇಕು. ಆ ಅಧ್ಯಾಯ ಪೂರ್ತಿ ತೆಗೆದುಹಾಕು. ಹೊಸ ಪಾರಿಭಾಷಿಕ ಪದಗಳೂ ಜಾಸ್ತಿಯಾದವು. ಅವರು ದಿನಾ ಆಡುವ ಮಾತಲ್ಲಿ ಹೇಳಲಾಗದ್ದಕ್ಕೆ ಮಾತ್ರ ಹೊಸ ಪದ ಇಟ್ಟುಕೋ.

ಕೊನೆಯಲ್ಲಿ ಜಗತ್ತು ಹುಟ್ಟುವುದನ್ನು ನಾಯಕ ಕಣ್ಣಾರೆ ನೋಡುತ್ತಾನಲ್ಲ, ಅದೂ ಬೇಡ. ಅವನಿಗೆ ಸಾಕ್ಷಿ ಸಿಕ್ಕಿದರೆ ತಾಯಿ ಸೋತ ಹಾಗೆ. ನಿನ್ನ ಜಗತ್ತು ನಂಬುವವರಿಗೂ ನಂಬದವರಿಗೂ ಒಂದೇ ರೀತಿ ಕಾಣಬೇಕು.

ಇಡೀ ಕಾದಂಬರಿಯನ್ನು ಒಟ್ಟಿಗೆ ತಿದ್ದಲು ಹೋಗಬೇಡ. ಐದನೇ ಅಧ್ಯಾಯ ಮೊದಲು ಬರೆದು ಕಳಿಸು. ಹಿರಿಯರ ವಾದವನ್ನು ನೀನು ಮನಸಾರೆ ನಂಬಿ ಬರಿ, ತಾಯಿಯ ಮಾತನ್ನೂ ಅಷ್ಟೇ ನಂಬಿ ಬರಿ. ನಾನು ಕಾಯುತ್ತಿರುತ್ತೇನೆ.

ನಿನ್ನ
ಅಕ್ಕ