9ನೇ ಕ್ಲಾಸಿನ ಪೋಷಕರಿಗೆ, ಶುಕ್ರವಾರದ ಹಿಸ್ಟರಿ ಪೀರಿಯಡ್ ಬಗ್ಗೆ

ಎಲ್ಲಾ ಪೋಷಕರಿಗೂ ನಮಸ್ಕಾರ.

ಶುಕ್ರವಾರ ಹಿಸ್ಟರಿ ಪೀರಿಯಡ್‌ನಲ್ಲಿ ಹಿಟ್ಲರ್ ಕಾಲದ ಒಬ್ಬ ಯಹೂದಿ ಹುಡುಗಿಯ ಕಥೆ ಹೇಳಿದಾಗಿನಿಂದ ನನ್ನ ಫೋನಿಗೆ ಬಿಡುವೇ ಇಲ್ಲ. ಮಗಳು ರಾತ್ರಿ ಊಟ ಮಾಡ್ಲಿಲ್ಲ ಅಂತ ಒಬ್ರು ತಾಯಿ, "ಮೇಡಂ, ಇದೆಲ್ಲ ಎಕ್ಸಾಮಿಗೆ ಬರಲ್ವಲ್ಲ" ಅಂತ ಒಬ್ರು ತಂದೆ.

ಇದು ಶುರುವಾಗಿದ್ದು ಫ್ಯಾನ್ಸಿ ಡ್ರೆಸ್‌ನಿಂದ. ಒಬ್ಬ ಹುಡುಗ ಕಾಡಿಗೇಲಿ ಚೋಟು ಮೀಸೆ ಬರ್ಕೊಂಡು ಹಿಟ್ಲರ್ ಆಗಿ ಬಂದ, ಎಲ್ಲರೂ ನಕ್ಕು ಚಪ್ಪಾಳೆ ಹೊಡೆದ್ರು, ನಾನೂ ಹೊಡೆದೆ, ಸುಳ್ಳು ಯಾಕೆ ಹೇಳ್ಲಿ. ಹುಡುಗನದ್ದು ಏನೂ ತಪ್ಪಿಲ್ಲ. ಆದ್ರೆ 60 ಲಕ್ಷ ಯಹೂದಿಗಳನ್ನ ಕೊಲ್ಲಿಸಿದವನು ನಮ್ಮ ಸ್ಟೇಜ್ ಮೇಲೆ ಬರೀ ತಮಾಷೆ ಆಗಿಬಿಟ್ನಲ್ಲಾ ಅಂತ ನಮ್ಮ ಹಿಸ್ಟರಿ ಮಿಸ್‌ಗೆ ಅನ್ನಿಸ್ತು, ಅದಕ್ಕೇ ಅವರು ಮಾರ್ಗೋಟ್ ಫ್ರೀಡ್‌ಲೆಂಡರ್ ಕಥೆ ಹೇಳಿದ್ದು.

ಬರ್ಲಿನ್‌ನಲ್ಲಿ ಹುಟ್ಟಿದ ಯಹೂದಿ ಹುಡುಗಿ. 1943ರ ಜನವರಿ, ಆಕೆಗೆ 21. ಮನೆಗೆ ಬರೋಷ್ಟರಲ್ಲಿ 17 ವರ್ಷದ ತಮ್ಮ ರಾಲ್ಫ್‌ನ ಗೆಸ್ಟಾಪೋದವರು, ಅಂದ್ರೆ ಹಿಟ್ಲರನ ಗುಪ್ತ ಪೊಲೀಸರು, ಎಳ್ಕೊಂಡು ಹೋಗಿದ್ರು, ಮಗ ಒಬ್ಬನೇ ಹೋಗೋದು ಬೇಡ ಅಂತ ತಾಯಿ ತಾವೇ ಪೊಲೀಸರ ಹತ್ರ ಹೋಗಿಬಿಟ್ಟಿದ್ರು. ಪಕ್ಕದ ಮನೆಯವರ ಕೈಲಿ ಮಗಳಿಗೆ ಅಂತ ಬಿಟ್ಟಿದ್ದು ಒಂದು ಅಂಬರ್ ಮಣಿ ಸರ, ವಿಳಾಸದ ಪುಸ್ತಕ, ಮತ್ತೆ ಒಂದು ಮಾತು: ನಿನ್ನ ಬದುಕು ಕಟ್ಕೊಳ್ಳೋಕೆ ನೋಡು. ತಾಯಿ, ತಮ್ಮ ಇಬ್ರೂ ಆಶ್‌ವಿಟ್ಸ್ ಅನ್ನೋ ಸಾವಿನ ಕ್ಯಾಂಪಿನಿಂದ ವಾಪಸ್ ಬರ್ಲಿಲ್ಲ. ಈಕೆ ಕೂದಲಿಗೆ ಬಣ್ಣ ಹಾಕ್ಕೊಂಡು ಅವರಿವರ ಮನೇಲಿ 15 ತಿಂಗಳು ಬಚ್ಚಿಟ್ಕೊಂಡಿದ್ದು, ಕೊನೆಗೆ ಸಿಕ್ಕಿಬಿದ್ದು ಥೆರೇಸಿಯನ್‌ಸ್ಟಾಟ್ ಕ್ಯಾಂಪ್‌ಗೆ ಹೋದ್ರು. ಬದುಕಿದ್ರು. 1946ರಲ್ಲಿ ನ್ಯೂಯಾರ್ಕ್. ಆಮೇಲಿನದ್ದು ನನಗೆ ತುಂಬಾ ಇಷ್ಟ: 2010ರಲ್ಲಿ, 88ನೇ ವಯಸ್ಸಲ್ಲಿ, ನಾವೆಲ್ಲ ಮೊಣಕಾಲು ಹಿಡ್ಕೊಂಡು ಕೂತಿರೋ ವಯಸ್ಸಲ್ಲಿ, ಬರ್ಲಿನ್‌ಗೇ ವಾಪಸ್ ಬಂದು ಸ್ಕೂಲ್ ಸ್ಕೂಲ್ ಸುತ್ತಿ ಮಕ್ಕಳ ಮುಂದೆ ಕೂತು ಇದನ್ನೇ ಹೇಳಿದ್ರು. ನಡೆದಿದ್ದು ನಿಮ್ಮ ತಪ್ಪಲ್ಲ, ಮತ್ತೆ ನಡೀದೇ ಇರೋ ಹಾಗೆ ನೋಡ್ಕೊಳ್ಳೋದು ನಿಮ್ಮ ಕೆಲಸ ಅಂತ. 2025ರ ಮೇ 9ಕ್ಕೆ ತೀರಿಕೊಂಡಾಗ 103 ವರ್ಷ, ಅದಕ್ಕೆ ಎರಡು ದಿನ ಮುಂಚೆ ಕೂಡ ಭಾಷಣ ಮಾಡಿದ್ರು.

ಹೆದರಿಸೋಕೆ ಹೇಳಿದ್ದಲ್ಲ. ಒಂದೂ ಹೆಣದ ಫೋಟೋ ತೋರಿಸಿಲ್ಲ, ಕ್ಯಾಂಪಿನ ವಿಡಿಯೋ ಹಾಕಿಲ್ಲ. ಮತ್ತೆ ಹೇಳ್ತೀನಿ, ಹೆದರಿಸೋಕೆ ಅಲ್ಲವೇ ಅಲ್ಲ. ಊಟ ಬಿಟ್ಟ ಮಗು ಜೊತೆ ನಾನೇ ಮಾತಾಡಿದೆ. "ಅಮ್ಮ ತಮ್ಮನ ಜೊತೆ ಹೋದ್ರು ಸರಿ, ಅಕ್ಕನಿಗೆ ಯಾರು ಮಿಸ್?" ಅಂತ ಕೇಳಿದ್ಲು. ನನ್ನ ಹತ್ರ ಉತ್ತರ ಇರ್ಲಿಲ್ಲ. ನಿಮ್ಮ ಸಂಕಟ ನನಗೆ ಗೊತ್ತಾಗುತ್ತೆ, ನಾನೂ ತಾಯಿ, ಆದ್ರೆ ಈ ಪಾಠ ನಿಲ್ಲಿಸಲ್ಲ.

ಸ್ವಸ್ತಿಕದ ಬಗ್ಗೆ ಕೇಳಿದವರಿಗೆ: ನಮ್ಮ ರಂಗೋಲಿ ಸ್ವಸ್ತಿಕಕ್ಕೆ ಯಾರೂ ಏನೂ ಅಂದಿಲ್ಲ. ಅದು ಬೇರೆ, ಹಿಟ್ಲರ್ ಬಾವುಟದ್ದು ಬೇರೆ ಅಂತ ಮಿಸ್ ಬೋರ್ಡ್ ಮೇಲೆ ಬರೆದೇ ತೋರಿಸಿದಾರೆ.

ಈ ಶುಕ್ರವಾರ ಎರಡನೇ ಪೀರಿಯಡ್‌ನಲ್ಲಿ ಇದೇ ಮುಂದುವರಿಯುತ್ತೆ, ಬರೋ ಇಷ್ಟ ಇರೋ ಪೋಷಕರು ಹಿಂದಿನ ಬೆಂಚಲ್ಲಿ ಕೂರಬಹುದು.

ಗುರುವಾರದೊಳಗೆ ಡೈರೀಲಿ ಸಹಿ ಮಾಡಿ ಕಳ್ಸಿ.

ಇಂತಿ,
ಮುಖ್ಯೋಪಾಧ್ಯಾಯಿನಿ