ಡೀರ್‌ಕ್ಲಾಪ್ಸ್ ಬರುವ ಮುಂಚೆ

ಪ್ರೀತಿಯ ಪುಟ್ಟನಿಗೆ ಚಿಕ್ಕಮ್ಮನ ಆಶೀರ್ವಾದಗಳು.

ನೀನು ಕಳಿಸಿದ ಡೋಂಟ್ ಸ್ಟಾರ್ವ್ ಟುಗೆದರ್ ಆಟದ ವಿಡಿಯೋ ನೋಡಿದೆ. ಚಳಿಗಾಲದ ದೈತ್ಯ ಪ್ರಾಣಿ ಡೀರ್‌ಕ್ಲಾಪ್ಸ್ ಬಂದಾಗ ನೀನು ಈಟಿ ಹಿಡಿದು ಅಡುಗೆಯ ಕ್ರಾಕ್ ಪಾಟ್ ಪಕ್ಕದಲ್ಲೇ ನಿಂತಿದ್ದೆ. ಬೆನ್ನಿಗೆ ಬ್ಯಾಕ್‌ಪ್ಯಾಕ್, ತಲೆಗೆ ವಿಂಟರ್ ಹ್ಯಾಟ್. ಕವಚ ಅನ್ನೋದು ಒಂದೂ ಇಲ್ಲ. ಎರಡೇ ಏಟಿಗೆ ಸತ್ತು ದೆವ್ವ ಆದೆ. "ಆಟವೇ ಮೋಸ ಚಿಕ್ಕಮ್ಮ" ಅಂತ ಬೇರೆ ಬರೆದಿದ್ದೀಯ. ಮೋಸ ಏನೂ ಇಲ್ಲ ಕಂದ. ನೀನು ಆಡುವ ಪಾತ್ರ ವಿಲ್ಸನ್‌ಗೆ ಇರುವ ಜೀವ 150. ಅದರ ಒಂದು ಏಟಿಗೆ ಹೋಗುವುದು 75. ಲೆಕ್ಕ ನೀನೇ ಮಾಡು.

ನನ್ನ ಪ್ರಕಾರ ಈ ಬಾಸ್, ಅಂದರೆ ಈ ದೊಡ್ಡ ಶತ್ರು, ಒಂಟಿಯಾಗಿ ಬರುವುದಿಲ್ಲ. ಚಳಿ, ಕತ್ತಲು, ತಲೆಕೆಡಿಸುವ ಹುಚ್ಚು, ಈ ಮೂರೂ ಅದರ ಜೊತೆಗೇ ಬರುತ್ತವೆ. ಈ ಮೂರಕ್ಕೆ ಮೊದಲೇ ವ್ಯವಸ್ಥೆ ಮಾಡಿಕೊಂಡರೆ ಉಳಿದದ್ದು ಬರೀ ತಾಳ್ಮೆಯ ಕೆಲಸ. ನೀನು ಯೋಚನೆ ಮಾಡುತ್ತಿರುವುದು ಆಯುಧದ ಬಗ್ಗೆ ಮಾತ್ರ. ಅದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ, ಬೇಜಾರು ಮಾಡ್ಕೋಬೇಡ.

ಮೊದಲು ದಿನದ ಲೆಕ್ಕ. ಡೋಂಟ್ ಸ್ಟಾರ್ವ್ ಟುಗೆದರ್‌ನಲ್ಲಿ ಸೆಟ್ಟಿಂಗ್ ಏನೂ ಬದಲಿಸದಿದ್ದರೆ ಶರತ್ಕಾಲ 20 ದಿನ. 21ನೇ ದಿನ ಚಳಿಗಾಲ ಶುರುವಾಗಿ 15 ದಿನ ಇರುತ್ತದೆ. ಡೀರ್‌ಕ್ಲಾಪ್ಸ್ ಸಾಮಾನ್ಯವಾಗಿ 30ನೇ ದಿನದ ಆಸುಪಾಸಿನಲ್ಲಿ ಬರುತ್ತದೆ. ಆಟದ ಒಂದು ದಿನ ಅಂದರೆ ನಮ್ಮ 8 ನಿಮಿಷ. ಹಾಗಾಗಿ ತಯಾರಿಗೆ ನಿನಗೆ ಸುಮಾರು ನಾಲ್ಕು ಗಂಟೆ ಸಿಗುತ್ತದೆ. ಅದೇನೂ ಕಮ್ಮಿ ಅಲ್ಲ. ಆದರೆ ನೀನು ಮೊದಲ ಹತ್ತು ದಿನ ಮ್ಯಾಪ್ ಸುತ್ತುವುದರಲ್ಲೇ ಕಳೆಯುತ್ತೀಯ, ಆಮೇಲೆ ನಿನ್ನ ನೆಲೆಗೆ, ಅಂದರೆ ಬೇಸ್‌ಗೆ, ಅಲಂಕಾರ ಮಾಡುತ್ತಾ ಕೂರುತ್ತೀಯ.

ಕೆಲವು ಕೆಲಸ ಚಳಿಗಾಲಕ್ಕೆ ಮುಂದೂಡಿದರೆ ಆಗುವುದೇ ಇಲ್ಲ. ಬೆರ್ರಿ ಗಿಡದಲ್ಲಿ ಹೊಸ ಹಣ್ಣು ಬಿಡುವುದಿಲ್ಲ. ಜೇನುಪೆಟ್ಟಿಗೆ ಸುಮ್ನೆ ನಿಂತುಬಿಡುತ್ತದೆ. ಕೊಳ ಹೆಪ್ಪುಗಟ್ಟಿ ಮೀನೂ ಇಲ್ಲ, ಕಪ್ಪೆಯೂ ಇಲ್ಲ. ಜೇನು, ಹುಲ್ಲು, ಕಡ್ಡಿ, ಮರದ ತುಂಡು ಇವನ್ನೆಲ್ಲ 20ನೇ ದಿನದೊಳಗೆ ಪೆಟ್ಟಿಗೆಯಲ್ಲಿ ತುಂಬಿಟ್ಟುಕೋ. ಬಿಸಿ ಹಿಡಿದಿಡುವ ಥರ್ಮಲ್ ಸ್ಟೋನ್ ಅಂತೂ ಚಳಿ ಶುರುವಾಗುವ ಮುಂಚೆಯೇ ಕೈಯಲ್ಲಿ ಇರಲೇಬೇಕು. 10 ಕಲ್ಲು, 3 ಫ್ಲಿಂಟ್, ಒಂದು ಪಿಕಾಕ್ಸ್, ಅಷ್ಟೇ ಅದಕ್ಕೆ ಬೇಕಾಗಿರುವುದು.

ಈಗ ಅಸಲಿ ವಿಷಯಕ್ಕೆ ಬರುತ್ತೇನೆ. ನಿನಗಿರುವುದು ಒಂದೇ ತಲೆ. ಆ ತಲೆಯ ಮೇಲೆ ಮೂರು ವಸ್ತುಗಳಿಗೆ ಕಣ್ಣು. ಚಳಿಗೆ ವಿಂಟರ್ ಹ್ಯಾಟ್ ಬೇಕು. ಏಟಿಗೆ ಫುಟ್‌ಬಾಲ್ ಹೆಲ್ಮೆಟ್ ಬೇಕು. ಕತ್ತಲಿಗೆ ದೀಪ ಇರುವ ಮೈನರ್ ಹ್ಯಾಟ್ ಬೇಕು. ಮೂರೂ ಒಂದೇ ಜಾಗಕ್ಕೆ ಹೋಗುವಂಥವು. ಹಾಗೇ ಮೈಗೂ ಒಂದೇ ಜಾಗ. ಮರದ ಕವಚ ಲಾಗ್ ಸೂಟ್ ಹಾಕಿದರೆ ಬ್ಯಾಕ್‌ಪ್ಯಾಕ್ ಕೆಳಗೆ ಇಳಿಸಬೇಕು, ಬ್ಯಾಕ್‌ಪ್ಯಾಕ್ ಹಾಕಿದರೆ ಲಾಗ್ ಸೂಟ್ ಇಲ್ಲ. ಲಾಟೀನು ಹಿಡಿಯೋಣ ಅಂದರೆ ಕೈಯಲ್ಲಿ ಆಯುಧ ಇರುವುದಿಲ್ಲ. ನೀನು ಪ್ರತಿ ಸಲ ಗಲಿಬಿಲಿ ಆಗುವುದು ಇಲ್ಲೇ. ಬಾಸ್ ಎದುರಿಗೆ ನಿಂತಿರುವಾಗ ಟೋಪಿ ಬದಲಾಯಿಸುತ್ತಾ ನಿಂತಿರುತ್ತೀಯ.

ಇದಕ್ಕೆ ದಾರಿ ಇದೆ. ಚಳಿಯ ಕೆಲಸವನ್ನು ತಲೆಯಿಂದ ತೆಗೆದು ಥರ್ಮಲ್ ಸ್ಟೋನ್‌ಗೆ ಒಪ್ಪಿಸಿಬಿಡು. ಅದು ನಿನ್ನ ಬಳಿ ಇದ್ದರೆ ಸಾಕು, ಮೈ ಬೆಚ್ಚಗಿರುತ್ತದೆ. ಬೆಂಕಿಯ ಪಕ್ಕ ಕಿತ್ತಳೆ ಬಣ್ಣಕ್ಕೆ ಬರುವ ತನಕ ಕಾಯಿಸಿಕೊಂಡು ಹೊರಡು. ಆಮೇಲೆ ಹಗಲಾದರೆ ಹೆಲ್ಮೆಟ್. ರಾತ್ರಿ ಆಗುವ ಸಂಭವ ಇದ್ದರೆ ಮೈಗೆ ಲಾಗ್ ಸೂಟ್, ತಲೆಗೆ ಮೈನರ್ ಹ್ಯಾಟ್. ಬ್ಯಾಕ್‌ಪ್ಯಾಕನ್ನು ಸ್ವಲ್ಪ ದೂರದಲ್ಲಿ ನೆಲಕ್ಕೆ ಹಾಕಿ ಬಾ, ಯಾರೂ ಕದಿಯುವುದಿಲ್ಲ. ಹೆಲ್ಮೆಟ್ ಮತ್ತು ಲಾಗ್ ಸೂಟ್ ಎರಡನ್ನೂ ಹಾಕಿದರೆ ಏಟು ಇನ್ನೂ ಕಡಿಮೆ ಆಗುತ್ತದೆ ಅಂದುಕೊಳ್ಳಬೇಡ. ಎರಡೂ ತಡೆಯುವುದು ಶೇಕಡಾ 80, ಅವು ಒಂದಕ್ಕೊಂದು ಕೂಡುವುದಿಲ್ಲ. ಆದರೆ ಸವೆತ ಹಂಚಿಹೋಗುತ್ತದೆ. ಮುಖ್ಯ ಏನೆಂದರೆ ಒಂದಾದರೂ ಇದ್ದರೆ 75ರ ಏಟು 15ಕ್ಕೆ ಇಳಿಯುತ್ತದೆ. ಎರಡು ಏಟಿಗೆ ಸಾಯುತ್ತಿದ್ದವನು ಅದಕ್ಕಿಂತ ಎಷ್ಟೋ ಹೆಚ್ಚು ಏಟು ತಡೆಯುತ್ತೀಯ. ಹೆಲ್ಮೆಟ್‌ಗೆ ಬೇಕಾಗಿರುವುದು ಒಂದು ಪಿಗ್ ಸ್ಕಿನ್ (ಹಂದಿ ಚರ್ಮ), ಒಂದು ಹಗ್ಗ. ಲಾಗ್ ಸೂಟ್‌ಗೆ 8 ಮರದ ತುಂಡು, 2 ಹಗ್ಗ. ಇಷ್ಟು ಅಗ್ಗದ ವಸ್ತು ಇಲ್ಲದೆ ಯುದ್ಧಕ್ಕೆ ಹೋಗುತ್ತೀಯಲ್ಲ!

ಪಿಗ್ ಸ್ಕಿನ್ ಸಿಗುವುದಿಲ್ಲ ಅಂತ ಗೊಣಗುತ್ತೀಯ. ಟಚ್ ಸ್ಟೋನ್ ಸುತ್ತ ಕೋಲಿಗೆ ಸಿಕ್ಕಿಸಿದ ಹಂದಿ ತಲೆಗಳು ಇರುತ್ತವಲ್ಲ, ಅವನ್ನು ಸುತ್ತಿಗೆಯಿಂದ ಒಡೆ. ಒಂದೊಂದರಿಂದ ಎರಡು ಬರುತ್ತವೆ. ತಲೆ ಒಡೆದರೂ ಟಚ್ ಸ್ಟೋನ್‌ಗೆ ಏನೂ ಆಗುವುದಿಲ್ಲ, ಸತ್ತರೆ ಅಲ್ಲಿ ಎದ್ದು ಬರಬಹುದು.

ಆಯುಧದ ವಿಷಯ ಬೇಗ ಮುಗಿಸುತ್ತೇನೆ. ಡೀರ್‌ಕ್ಲಾಪ್ಸ್‌ನ ಜೀವ 4000. ಈಟಿಯ ಏಟು 34, ಅಂದರೆ 118 ಸಲ ಹೊಡೆಯಬೇಕು. ಹ್ಯಾಮ್ ಬ್ಯಾಟ್‌ನ ಏಟು 59.5, ಅದರಲ್ಲಿ 68 ಸಲ ಸಾಕು. ಆದರೆ ಹ್ಯಾಮ್ ಬ್ಯಾಟ್ ಮಾಂಸದ್ದು, ಹಳಸಿದಷ್ಟೂ ಏಟು ಕಡಿಮೆ ಆಗುತ್ತದೆ. ಶರತ್ಕಾಲದಲ್ಲೇ ಮಾಡಿ ಇಟ್ಟುಕೊಂಡರೆ ಪ್ರಯೋಜನ ಇಲ್ಲ. ಹೊಸ ವಸ್ತು ಮಾಡುವುದನ್ನು ಕಲಿಸುವ ಯಂತ್ರ ಆಲ್ಕೆಮಿ ಎಂಜಿನ್ ಪಕ್ಕ ಒಂದನ್ನು ಮಾಡಿ ವಿದ್ಯೆ ಕಲಿತುಕೋ. ಆಮೇಲೆ ಒಂದು ಪಿಗ್ ಸ್ಕಿನ್, ಎರಡು ಕಡ್ಡಿ ಎತ್ತಿಟ್ಟಿರು. 28ನೇ ದಿನದ ಹೊತ್ತಿಗೆ ಎರಡು ಮಾಂಸ ಸೇರಿಸಿ ಹೊಸದಾಗಿ ಮಾಡು.

ಈಗ ಹಗಲಿನ ಲೆಕ್ಕ ನೋಡು. ಚಳಿಗಾಲದ ಹಗಲು ಎರಡೂವರೆ ನಿಮಿಷ ಮಾತ್ರ. ಸಂಜೆ ಎರಡೂವರೆ, ರಾತ್ರಿ ಮೂರು. ಡೀರ್‌ಕ್ಲಾಪ್ಸ್‌ನ ಎರಡು ಏಟುಗಳ ನಡುವೆ ಸುಮಾರು 4 ಸೆಕೆಂಡ್ ಬಿಡುವು ಇರುತ್ತದೆ. ಆ ಬಿಡುವಿನಲ್ಲಿ ನೀನು ಎರಡು ಸಲ ಹೊಡೆದರೆ, ಹ್ಯಾಮ್ ಬ್ಯಾಟ್ ಇದ್ದರೂ ಎರಡು ಎರಡೂವರೆ ನಿಮಿಷ ಬೇಕು. ಒಂದೂ ತಪ್ಪಿಲ್ಲದೆ ಆಡಿದರೆ ಒಂದು ಹಗಲು ಪೂರ್ತಿ ಹೋಯಿತು ಅಂತಲೇ ಅರ್ಥ. ಈಟಿಯಾದರೆ ಸಂಜೆಯೂ ಬೇಕು. ಅದು ಬಂದಿದ್ದೇ ಸಂಜೆ ಅಂದರೆ ಬೆಳಕಿನ ವ್ಯವಸ್ಥೆ ಇಲ್ಲದೆ ಹತ್ತಿರ ಹೋಗಲೇಬೇಡ. ಬೆಳಕಿಲ್ಲದವರ ಮೇಲೆ ಎರಗುವ ಚಾರ್ಲಿ ಕತ್ತಲಲ್ಲಿ ಕಾಯುತ್ತಿರುತ್ತಾಳೆ. ಮೈನರ್ ಹ್ಯಾಟ್ ಇಲ್ಲದಿದ್ದರೆ ಬಯಲಿನಲ್ಲಿ ಅಲ್ಲಲ್ಲಿ ಎರಡು ಮೂರು ಕ್ಯಾಂಪ್‌ಫೈರ್ ಹಚ್ಚು. ಒಂದಕ್ಕೆ 3 ಹುಲ್ಲು, 2 ಮರದ ತುಂಡು. ಕಲ್ಲೂ ಬಿಸಿಯಾಗುತ್ತದೆ.

ಹುಚ್ಚಿನ ವಿಷಯಕ್ಕೆ ನೀನು ಗಮನವನ್ನೇ ಕೊಟ್ಟಿಲ್ಲ. ವಿಡಿಯೋದಲ್ಲಿ ನಿನ್ನ ಸ್ಯಾನಿಟಿ, ಅಂದರೆ ಮನಸ್ಸಿನ ಸ್ವಾಸ್ಥ್ಯ, ಆಗಲೇ ಅರ್ಧಕ್ಕಿಂತ ಕೆಳಗಿತ್ತು. ಆ ಪ್ರಾಣಿಯ ಪಕ್ಕ ನಿಂತರೆ ಸಾಕು, ಸ್ಯಾನಿಟಿ ಕಣ್ಣೆದುರೇ ಕರಗಿಹೋಗುತ್ತದೆ. ತೀರಾ ಇಳಿದರೆ ನೆರಳಿನ ಜೀವಿಗಳು ಬಂದು ಕಚ್ಚುತ್ತವೆ. ಎದುರಿಗೆ ಬಾಸ್, ಬೆನ್ನ ಹಿಂದೆ ನೆರಳು. ಎರಡನ್ನೂ ತಪ್ಪಿಸಿಕೊಳ್ಳುವುದು ನನ್ನಿಂದಲೂ ಆಗುವುದಿಲ್ಲ. ಹಾಗಾಗಿ ಸ್ಯಾನಿಟಿ ತುಂಬಿಕೊಂಡೇ ಹೊರಡು. ನನಗೆ ಇಷ್ಟವಾದದ್ದು ಜರ್ಕಿ. ಮಾಂಸವನ್ನು ಡ್ರೈಯಿಂಗ್ ರ್‍ಯಾಕ್‌ಗೆ ನೇತುಹಾಕಿ ಒಣಗಿಸಿದರೆ ಒಂದೊಂದು ಜರ್ಕಿಗೆ 20 ಜೀವ, 15 ಸ್ಯಾನಿಟಿ ಎರಡೂ ಬರುತ್ತವೆ. ಬೇಗ ಕೆಡುವುದೂ ಇಲ್ಲ. ಹಸಿರು ಅಣಬೆ ಬೇಯಿಸಿ ತಿಂದರೂ 15 ಸ್ಯಾನಿಟಿ ಸಿಗುತ್ತದೆ. ಹಸಿ ತಿಂದುಬಿಟ್ಟೀಯ, ಹುಷಾರು. 50 ಕಳೆದುಕೊಳ್ಳುತ್ತೀಯ.

ಜೀವಕ್ಕೆ ಪಿಯರೋಗಿ ಅನ್ನುವ ತಿಂಡಿಯೇ ಸರಿ, ಒಂದಕ್ಕೆ 40. ಕ್ರಾಕ್ ಪಾಟ್‌ಗೆ ಒಂದು ಮಾನ್‌ಸ್ಟರ್ ಮೀಟ್, ಒಂದು ಮೊಟ್ಟೆ, ಒಂದು ಅಣಬೆ, ಒಂದು ಐಸ್ ಹಾಕಿದರೆ ಆಯಿತು. ಐಸ್ ಚಳಿಗಾಲದಲ್ಲಿ ಬೇಕಾದಷ್ಟು ಸಿಗುತ್ತದೆ. ಮೊಟ್ಟೆಗೆ ಪಂಜರದಲ್ಲಿ ಒಂದು ಹಕ್ಕಿ ಇಟ್ಟುಕೋ, ಬೇಯಿಸಿದ ಮಾನ್‌ಸ್ಟರ್ ಮೀಟ್ ಕೊಟ್ಟರೂ ಅದು ಮೊಟ್ಟೆ ಕೊಡುತ್ತದೆ.

ಸರಿ, ಡೀರ್‌ಕ್ಲಾಪ್ಸ್ ಬರುವಾಗ ಗುರುಗುಟ್ಟುವ ಸದ್ದು ಕೇಳಿಸಿತು ಅಂದುಕೋ. ಆಗ ನೀನು ಮಾಡುವ ಮೊದಲ ಕೆಲಸ ಬೇಸ್ ಬಿಟ್ಟು ಹೊರಡುವುದು. ಕೈಯಲ್ಲಿ ಅಡುಗೆ ಇದ್ದರೂ, ಒಲೆಯ ಮೇಲೆ ಏನಿದ್ದರೂ ಬಿಡು. ಅದಕ್ಕೆ ಕಟ್ಟಿದ್ದನ್ನೆಲ್ಲ ಒಡೆಯುವ ಚಟ. ಪೆಟ್ಟಿಗೆ, ಕ್ರಾಕ್ ಪಾಟ್, ಐಸ್ ಬಾಕ್ಸ್ ಏನು ಸಿಕ್ಕಿದರೂ ಪುಡಿ. ಮರಗಳಿಲ್ಲದ ಬಯಲು ಒಂದನ್ನು ಮೊದಲೇ ನೋಡಿಟ್ಟಿರು, ಸದ್ದು ಕೇಳಿದ ತಕ್ಷಣ ಆ ಕಡೆ ನಡೆ. ಬೇಸ್ ಪರದೆಯಲ್ಲಿ ಕಾಣದಷ್ಟು ದೂರ ಇರಲಿ. ಹೊಡೆದಾಟದ ಮಧ್ಯೆಯೂ ಓಡಿಬಂದು ಬೇಸ್‌ನ ಬೆಂಕಿ ಹತ್ತಿರ ನಿಲ್ಲಬೇಡ. ಅದೂ ಹಿಂದೆಯೇ ಬರುತ್ತದೆ.

ಹೊಡೆಯುವ ಕ್ರಮ ಹೀಗೆ. ಮೊದಲು ಹತ್ತಿರ ಹೋಗು, ಹೊಡೆಯಬೇಡ. ಅದು ಕೈ ಮೇಲೆತ್ತುತ್ತದೆ. ಎತ್ತಿದ್ದು ಕಂಡ ಕೂಡಲೇ ನೇರವಾಗಿ ಹಿಂದಕ್ಕೆ ಓಡು, ಪಕ್ಕಕ್ಕೆ ಬೇಡ. ಕೈ ನೆಲಕ್ಕೆ ಬಡಿದು ಮಂಜುಗಡ್ಡೆಯ ಮುಳ್ಳುಗಳು ಏಳುತ್ತವೆ. ಅವು ಎದ್ದ ಮೇಲೆ ಒಳಗೆ ನುಗ್ಗು. ಒಂದು, ಎರಡು, ಹೊರಗೆ. ಮತ್ತೆ ಕೈ ಎತ್ತುವ ತನಕ ಕಾಯಿ. ಮೂರನೇ ಏಟು ಹೊಡೆಯಬಹುದು ಅಂತ ಅನ್ನಿಸುತ್ತದೆ, ಕೆಲವು ಸಲ ಆಗಿಯೂ ಬಿಡುತ್ತದೆ. ಆಗಿಬಿಡುವುದೇ ಅಪಾಯ. ನಿನ್ನ ಇಂಟರ್ನೆಟ್ ಒಂದು ಚೂರು ನಿಧಾನ ಆದರೂ ಆ ಮೂರನೇ ಏಟಿಗೆ ನೀನು ಸಿಕ್ಕಿಬೀಳುತ್ತೀಯ. ಮೇಲಿಂದ ಮೇಲೆ ಏಟು ತಿಂದರೆ ಹೆಪ್ಪುಗಟ್ಟಿ ನಿಂತಲ್ಲೇ ನಿಲ್ಲುತ್ತೀಯ, ಮುಂದಿನ ಏಟು ತಪ್ಪಿಸಿಕೊಳ್ಳುವ ಮಾತೇ ಇಲ್ಲ. ನೀನು ಮೊಲ ಹಿಡಿಯುವಾಗಲೂ ಅವಸರ ಮಾಡುವವನು, ಅದಕ್ಕೇ ಒತ್ತಿ ಹೇಳುತ್ತಿದ್ದೇನೆ.

ಜೀವ 60ಕ್ಕಿಂತ ಕೆಳಗೆ ಬಂದರೆ ದೂರ ಹೋಗಿ ತಿನ್ನು. ಅದರ ಗಾಯ ಅಷ್ಟರಲ್ಲಿ ವಾಸಿಯಾಗುತ್ತದೆ ಅನ್ನುವ ಭಯ ಬೇಡ. ಥರ್ಮಲ್ ಸ್ಟೋನ್ ಬೂದು ಬಣ್ಣಕ್ಕೆ ತಿರುಗಿದರೂ ಅಷ್ಟೇ, ಹೋಗಿ ಕಾಯಿಸಿಕೊಂಡು ಬಾ.

ಗೆಳೆಯರು ಜೊತೆಗಿದ್ದರೆ ಕೆಲಸ ಬೇಗ ಮುಗಿಯುತ್ತದೆ. ಆಡುವವರು ಎಷ್ಟೇ ಜನ ಇದ್ದರೂ ಅದರ ಜೀವ 4000ವೇ. ಆದರೆ ಅದರ ಏಟು ಪಕ್ಕದವರಿಗೂ ತಗಲುತ್ತದೆ. ಎಲ್ಲರೂ ಒಟ್ಟಿಗೆ ನುಗ್ಗಿ ಒಟ್ಟಿಗೆ ಹಿಂದೆ ಸರಿಯಬೇಕು. ಯಾರಾದರೂ ಸತ್ತರೆ ಆ ದೆವ್ವ ಸುತ್ತ ಓಡಾಡುತ್ತಾ ಉಳಿದವರ ಸ್ಯಾನಿಟಿ ತಿನ್ನುತ್ತದೆ. ಸತ್ತವರನ್ನು ಬದುಕಿಸುವ ಟೆಲ್‌ಟೇಲ್ ಹಾರ್ಟ್ ಒಂದನ್ನು ಮೊದಲೇ ಮಾಡಿಟ್ಟುಕೊಂಡರೆ ಒಳ್ಳೆಯದು.

ಡೀರ್‌ಕ್ಲಾಪ್ಸನ್ನು ಕಾಡೆಮ್ಮೆಯಂಥ ಬೀಫಲೋ ಹಿಂಡಿನ ಮಧ್ಯೆ ಓಡಿಸಿದರೆ ಅವೇ ಕೊಲ್ಲುತ್ತವೆ ಅಂತ ನಿನ್ನ ಗೆಳೆಯ ಹೇಳಿದ್ದು ಸುಳ್ಳಲ್ಲ. ಆದರೆ ಬೀಫಲೋಗಳೂ ಸಾಯುತ್ತವೆ. ಆಮೇಲೆ ಉಣ್ಣೆಗೆ, ಗೊಬ್ಬರಕ್ಕೆ ಎಲ್ಲಿಗೆ ಹೋಗುತ್ತೀಯ? ಗನ್‌ಪೌಡರ್ ಒಂದಕ್ಕೆ 200ರ ಏಟಿನಂತೆ 20 ಕೂಡಿಸಿ ಸಿಡಿಸಿದರೂ ಆಗುತ್ತದೆ. ಅದಕ್ಕೆ 20 ಕೊಳೆತ ಮೊಟ್ಟೆ ಬೇಕು. ಅಷ್ಟು ಸಹನೆ ಇರುವವನು ಕೈಯಲ್ಲೇ ಹೊಡೆದು ಮುಗಿಸಬಹುದು. ನನಗಂತೂ ಕೈಯಲ್ಲಿ ಹೊಡೆಯುವುದೇ ಇಷ್ಟ.

ಬಿದ್ದ ಮೇಲೆ 8 ಮಾಂಸ, ಒಂದು ದೊಡ್ಡ ಕಣ್ಣುಗುಡ್ಡೆ ಸಿಗುತ್ತದೆ. ಹಸಿವಾಗಿದೆ ಅಂತ ಆ ಕಣ್ಣು ತಿಂದುಬಿಡಬೇಡ, ತಿನ್ನಲು ಬರುತ್ತದೆ ಅನ್ನುವುದೇ ತೊಂದರೆ. ಅದಕ್ಕೆ 15 ಕಡ್ಡಿ, 4 ಬೋನ್ ಶಾರ್ಡ್ (ಮೂಳೆ ಚೂರು) ಸೇರಿಸಿದರೆ ಐಬ್ರೆಲ್ಲಾ ಅನ್ನುವ ಛತ್ರಿ ಆಗುತ್ತದೆ. 36ನೇ ದಿನ ವಸಂತ ಶುರು, ಮಳೆಯೋ ಮಳೆ. ಐಬ್ರೆಲ್ಲಾ ತಲೆ ಮೇಲಿದ್ದರೆ ಒಂದು ಹನಿಯೂ ತಾಗುವುದಿಲ್ಲ. ಬೇಸಿಗೆಯ ಬಿಸಿಲಿಗೂ ಆಗುತ್ತದೆ. ಬೋನ್ ಶಾರ್ಡ್‌ಗೆ ದಾರಿಯಲ್ಲಿ ಸಿಕ್ಕ ಅಸ್ಥಿಪಂಜರ ಒಡೆದು ಇಟ್ಟುಕೊಂಡಿರು.

ಶನಿವಾರ ಹೊಸ ಲೋಕ ಶುರು ಮಾಡಿದರೆ ನನ್ನನ್ನೂ ಸೇರಿಸಿಕೋ. ಬೇಸ್ ಎಲ್ಲಿ ಕಟ್ಟಬೇಕು ಅನ್ನುವುದು ನಿನಗೇ ಬಿಟ್ಟಿದ್ದು, ನಾನು ಹಗ್ಗ ಹೊಸೆಯುತ್ತಾ ಇರುತ್ತೇನೆ. ಪರೀಕ್ಷೆ ಮುಗಿದಿದೆ ತಾನೇ? ಇಲ್ಲದಿದ್ದರೆ ನಿನ್ನ ಅಮ್ಮ ನನ್ನನ್ನೇ ಬೈಯುತ್ತಾಳೆ.

ಇಂತಿ,
ನಿನ್ನ ಚಿಕ್ಕಮ್ಮ