ಯಲಹಂಕದಲ್ಲಿ ಹತ್ತು ನಿಮಿಷ: ಚಿಕ್ಕಬಳ್ಳಾಪುರ ಸಂಸದರಿಗೆ ಒಂದು ಬಹಿರಂಗ ಪತ್ರ

ಚಿಕ್ಕಬಳ್ಳಾಪುರ ಲೋಕಸಭಾ ಕ್ಷೇತ್ರದ ಮಾನ್ಯ ಸಂಸದರಿಗೆ ನಮಸ್ಕಾರಗಳು.

ನಿಮ್ಮ ಕ್ಷೇತ್ರದ ನಕ್ಷೆಯನ್ನೂ ರೈಲ್ವೆ ನಕ್ಷೆಯನ್ನೂ ಒಮ್ಮೆ ಅಕ್ಕಪಕ್ಕ ಹರಡಿ ನೋಡಿ. ನಿಮ್ಮ ಎಂಟು ವಿಧಾನಸಭಾ ಕ್ಷೇತ್ರಗಳ ಪೈಕಿ ಗೌರಿಬಿದನೂರು, ದೊಡ್ಡಬಳ್ಳಾಪುರ ಒಂದು ಹಳಿಯ ಮೇಲಿವೆ. ಚಿಕ್ಕಬಳ್ಳಾಪುರ, ದೇವನಹಳ್ಳಿ ಇನ್ನೊಂದರ ಮೇಲೆ. ಎರಡೂ ಹಳಿಗಳು ಬಂದು ಕೂಡುವುದು ಯಲಹಂಕ ಜಂಕ್ಷನ್‌ನಲ್ಲಿ. ಅದೂ ನಿಮ್ಮ ಕ್ಷೇತ್ರವೇ. ಅಲ್ಲಿಂದ ಬೆಂಗಳೂರಿಗೆ ಮತ್ತೆ ಎರಡು ದಾರಿ: ಕೊಡಿಗೇಹಳ್ಳಿಯ ಮೇಲೆ ಯಶವಂತಪುರಕ್ಕೆ ಒಂದು, ಥಣಿಸಂದ್ರ, ಚನ್ನಸಂದ್ರದ ಮೇಲೆ ಬೈಯಪ್ಪನಹಳ್ಳಿಯ ಕಡೆಗೆ ಇನ್ನೊಂದು. ನಾಲ್ಕು ದಿಕ್ಕಿನ ಹಳಿಗಳು ಸೇರುವ ಇಂಥ ನಿಲ್ದಾಣ ಎಷ್ಟು ಸಂಸದರಿಗೆ ಸಿಕ್ಕೀತು?

ದೊಡ್ಡಬಳ್ಳಾಪುರದಿಂದ ಹೊರಟವರೆಲ್ಲ ಮೆಜೆಸ್ಟಿಕ್ಕಿಗೇ ಹೋಗುವ ಕಾಲ ಹೋಯಿತು. ಇಂದು ಕೆಲಸ ಇರುವುದು ವೈಟ್‌ಫೀಲ್ಡಿನಲ್ಲಿ, ಕೆ.ಆರ್. ಪುರದಲ್ಲಿ, ದೇವನಹಳ್ಳಿಯ ವಿಮಾನ ನಿಲ್ದಾಣದ ಸುತ್ತಮುತ್ತ. ಹಾಗೆ ಹೋಗಬೇಕಾದವರಲ್ಲಿ ಬಹಳ ಮಂದಿ ಯಲಹಂಕದಲ್ಲಿ ಇಳಿದು ಇನ್ನೊಂದು ರೈಲು ಹಿಡಿಯಬೇಕು. ಹಿಡಿಯಬೇಕಾದ ಗಾಡಿ ಐದು ನಿಮಿಷ ಮೊದಲೇ ಹೊರಟುಹೋದರೆ ಮುಂದಿನದು ಬರುವುದು ಮೆಟ್ರೊ ಬಂದಂತೆ ಅಲ್ಲವಲ್ಲ, ಗಂಟೆಗಳ ಲೆಕ್ಕ. ಒಂದು ಸಂಪರ್ಕ ತಪ್ಪಿದರೆ ಅರ್ಧ ದಿನದ ಸಂಬಳ ತಪ್ಪಿದ ಹಾಗೆ. ಅದಕ್ಕೇ ಜನ ಬಸ್ಸಿಗೋ ಬೈಕಿಗೋ ತಿರುಗಿ ಹೆಬ್ಬಾಳದ ಮೇಲ್ಸೇತುವೆಯ ಮೇಲೆ ನಿಲ್ಲುತ್ತಾರೆ. ಆಮೇಲೆ ಈ ಮಾರ್ಗಕ್ಕೆ ಪ್ರಯಾಣಿಕರೇ ಇಲ್ಲ ಎಂಬ ಮಾತು ಹುಟ್ಟುತ್ತದೆ. 2021ರ ಜನವರಿಯಲ್ಲಿ ವಿಮಾನ ನಿಲ್ದಾಣದ ಹಾಲ್ಟ್‌ಗೆ ರೈಲು ಬಂದಾಗ ಆದದ್ದೂ ಇದೇ. ನಿಲ್ದಾಣ ಚೆನ್ನಾಗಿತ್ತು, ಟಿಕೆಟ್ ಅಗ್ಗವಾಗಿತ್ತು, ವೇಳೆ ಮಾತ್ರ ಯಾರಿಗೂ ಹೊಂದಲಿಲ್ಲ.

ನನ್ನ ಕೋರಿಕೆ ಸಣ್ಣದು. ಹೊಸ ರೈಲು ಬೇಡ. ಬೆಳಿಗ್ಗೆ ಮತ್ತು ಸಂಜೆ, ಎರಡು ಕವಲುಗಳ ಪ್ಯಾಸೆಂಜರ್ ಮತ್ತು ಮೆಮು ಗಾಡಿಗಳು ಯಲಹಂಕದಲ್ಲಿ ಹತ್ತು ನಿಮಿಷದ ಅಂತರದಲ್ಲಿ ಭೇಟಿಯಾಗುವಂತೆ ವೇಳಾಪಟ್ಟಿ ಹೊಂದಿಸಲು ಹೇಳಿ. ಒಂದು ತಡವಾದರೆ ಇನ್ನೊಂದು ಸ್ವಲ್ಪ ಕಾಯಲಿ. ಚಿಕ್ಕಬಳ್ಳಾಪುರದ ಕಡೆಯದು ಒಂಟಿ ಹಳಿ. ಎದುರಿನ ಗಾಡಿಗೆ ದಾರಿ ಬಿಡುತ್ತ ನಿಂತರೆ ಹೊತ್ತು ಏರುಪೇರಾಗುವುದು ಸಹಜ. ಅದು ಗೊತ್ತಿದ್ದ ಮೇಲೆ ಆ ಏರುಪೇರನ್ನೂ ಸೇರಿಸಿಕೊಂಡೇ ವೇಳಾಪಟ್ಟಿ ಬರೆಯಬೇಕು. ಇದಕ್ಕೆ ಸಿಮೆಂಟು ಬೇಡ, ಭೂಸ್ವಾಧೀನ ಬೇಡ. ಆದರೆ ಒಂದು ತೊಂದರೆ ಇದೆ, ಅದನ್ನು ನಾನೇ ಒಪ್ಪುತ್ತೇನೆ: ಹೊಸ ರೈಲಿಗೆ ಹಸಿರು ನಿಶಾನೆ ತೋರಿಸಿದರೆ ಪತ್ರಿಕೆಯಲ್ಲಿ ಫೋಟೊ ಬರುತ್ತದೆ, ಎರಡು ರೈಲುಗಳ ಹೊತ್ತು ಕೂಡಿಸಿದರೆ ಬರುವುದಿಲ್ಲ.

ಉಪನಗರ ರೈಲು ಬರುತ್ತಿದೆಯಲ್ಲ, ಸ್ವಲ್ಪ ತಾಳಿ ಎನ್ನುವಿರೇನೋ. 2020ರ ಅಕ್ಟೋಬರ್‌ನಲ್ಲಿ ಕೇಂದ್ರ ಸಂಪುಟ ಒಪ್ಪಿದ 15,767 ಕೋಟಿ ರೂಪಾಯಿಯ ಯೋಜನೆ ಅದು. ನಾಲ್ಕು ಮಾರ್ಗ, 148 ಕಿಲೋಮೀಟರ್. 2022ರ ಜೂನ್ 20ರಂದು ಪ್ರಧಾನಿ ಶಂಕುಸ್ಥಾಪನೆ ಮಾಡಿ 40 ತಿಂಗಳಲ್ಲಿ ಮುಗಿಸುವ ಮಾತಾಡಿದರು. ಬೆರಳು ಮಡಚಿ ಎಣಿಸಿದರೆ 2025ರ ಅಕ್ಟೋಬರ್‌ಗೆ ಆ ಗಡುವು ತೀರಿತು. ಅಷ್ಟರಲ್ಲಿ ಒಂದು ಗಾಡಿಯೂ ಓಡಲಿಲ್ಲ. ತಾಳ್ಮೆ ನಮಗೆ ಹೊಸದಲ್ಲ. ಆದರೆ ಮಾಸಿಕ ಪಾಸಿಗೆ ಪ್ರತಿ ತಿಂಗಳೂ ದುಡ್ಡು ಕೊಡಬೇಕು.

ಆ ಮಾರ್ಗಗಳಿಗೆ ಹೂವಿನ ಹೆಸರಿಟ್ಟದ್ದು ನನಗೆ ನಿಜಕ್ಕೂ ಇಷ್ಟ. ಮೆಜೆಸ್ಟಿಕ್‌ನಿಂದ ದೇವನಹಳ್ಳಿಗೆ ಸಂಪಿಗೆ, ಹೀಲಲಿಗೆಯಿಂದ ರಾಜಾನುಕುಂಟೆಗೆ ಕನಕ. ಎರಡೂ ಯಲಹಂಕವನ್ನು ಮುಟ್ಟುತ್ತವೆ. ಹೂವಿದ್ದರೆ ಸಾಲದು, ಕಟ್ಟಲು ನಾರೂ ಬೇಕು. ಇಲ್ಲಿ ಆ ನಾರು ಎಂದರೆ ಯಲಹಂಕ ನಿಲ್ದಾಣದ ಒಳಗಿನ ನಡೆದಾರಿ. ಈಗಿರುವ ರೈಲ್ವೆಯ ಪ್ಲಾಟ್‌ಫಾರಂ ಒಂದು ಕಡೆ, ಸಂಪಿಗೆಯದು ಒಂದು ಕಡೆ, ಕನಕದ್ದು ಮತ್ತೊಂದು ಕಡೆ ಆಗಿ, ನಡುವೆ ಗೋಡೆ, ಮೂರು ಟಿಕೆಟ್ ಕೌಂಟರ್, ರಸ್ತೆಗಿಳಿದು ಆಟೊ ಹಿಡಿಯುವ ಪಾಡು ಬಾರದಿರಲಿ. ವಿಮಾನ ನಿಲ್ದಾಣದ ಮೆಟ್ರೊ ಬಳ್ಳಾರಿ ರಸ್ತೆಯ ಮೇಲೆಯೇ ಸಾಗುತ್ತಿದೆ. ಅದಂತೂ ನಮ್ಮ ರೈಲು ನಿಲ್ದಾಣದಿಂದ ದೂರವೇ ಉಳಿಯಿತು. ಮಿಕ್ಕ ಮೂರನ್ನಾದರೂ ಒಂದೇ ಸೂರಿನಡಿ, ತಲೆಯ ಮೇಲೆ ತರಕಾರಿ ಮೂಟೆ ಹೊತ್ತವರೂ ದಾಟುವಂಥ ಒಂದೇ ಸೇತುವೆಗೆ ಜೋಡಿಸಬೇಕು. ನಿಲ್ದಾಣದ ನಕ್ಷೆಯನ್ನು ಕಾಂಕ್ರೀಟ್ ಬೀಳುವ ಮೊದಲು ಯಲಹಂಕದಲ್ಲೇ ತೂಗುಹಾಕಿಸಿ, ಓಡಾಡುವವರು ನೋಡಲಿ.

ರೈಲ್ವೆ ಕೇಂದ್ರದ್ದು, ಉಪನಗರ ರೈಲು ಕಟ್ಟುವ ಕೆ-ರೈಡ್ ಕೇಂದ್ರ ಮತ್ತು ರಾಜ್ಯದ ಜಂಟಿ ಸಂಸ್ಥೆ. ಇದು ನಮ್ಮ ವ್ಯಾಪ್ತಿಯಲ್ಲ ಎಂದು ಒಬ್ಬರು ಇನ್ನೊಬ್ಬರ ಕಡೆ ಕೈ ತೋರಿಸಲು ಬೇಕಾದಷ್ಟು ಜಾಗವಿದೆ. ಇಬ್ಬರನ್ನೂ ಒಂದೇ ಮೇಜಿಗೆ ಕರೆದು ಕೂರಿಸಬಲ್ಲವರು ಸಂಸದರು, ಅದಕ್ಕೇ ನಿಮಗೆ ಬರೆದೆ.

ಅಂದ ಹಾಗೆ, 1984ರಿಂದ ದೇಶದ ರೈಲುಗಳಿಗೆ ಗಾಲಿ ಮತ್ತು ಅಚ್ಚು ಮಾಡಿಕೊಡುತ್ತಿರುವ ಕಾರ್ಖಾನೆ ಇರುವುದೂ ಇದೇ ಯಲಹಂಕದಲ್ಲಿ.

ಉತ್ತರ ಬರೆಯುವ ತೊಂದರೆ ತೆಗೆದುಕೊಳ್ಳಬೇಡಿ. ಮುಂದಿನ ವೇಳಾಪಟ್ಟಿ ಹೊರಬಂದ ದಿನ ಯಲಹಂಕದ ಸಾಲನ್ನು ನೋಡಿ ನಾವೇ ತಿಳಿದುಕೊಳ್ಳುತ್ತೇವೆ.

ಇತಿ,
ದೊಡ್ಡಬಳ್ಳಾಪುರದ ಒಬ್ಬ ಮಾಸಿಕ ಪಾಸುದಾರ